ಮನೆಯೊಳಗಿನ ಚಕ್ರವರ್ತಿ

“ಉತ್ತರನ ಪೌರುಷ ಒಲೆಯ ಮುಂದೆ” ಎಂಬ ಗಾದೆಯನ್ನು ಕೇಳದ ಕನ್ನಡಿಗರಿಲ್ಲ. ವಿರಾಟರಾಜನ ಮಗನಾದ ಉತ್ತರಕುಮಾರನು ಅಂತಃಪುರದ ಹೆಂಗಸರ ನಡುವೆ ಕುಳಿತು, ಭೀಷ್ಮ ದ್ರೋಣರನ್ನು ಗೆದ್ದು ಬರುವೆನೆಂದು ಕೊಚ್ಚಿಕೊಂಡನು. ಕೌರವರ ಸೇನೆ ಕಣ್ಣಿಗೆ ಬಿದ್ದೊಡನೆ ರಥದಿಂದ ಧುಮುಕಿ ಓಡಿದನು. ನಾವೆಲ್ಲರೂ ಅಷ್ಟಿಷ್ಟು ಉತ್ತರಕುಮಾರರೇ. ಕಚೇರಿಯಲ್ಲಿ ಮೇಲಧಿಕಾರಿಯ ಮುಂದೆ ತುಟಿ ಬಿಚ್ಚದ ಗುಮಾಸ್ತೆ, ಸಂಜೆ ಮೆಟ್ರೋ ಹತ್ತಿ ಜನಕಪುರಿಗೆ ಮರಳಿ, ಕಾಫಿಯ ಲೋಟ ಕೈಗೆ ಬಂದ ಮೇಲೆ “ಇವತ್ತು ಸಾಹೇಬರಿಗೆ ಸರಿಯಾಗಿ ಹೇಳಿಬಿಟ್ಟೆ” ಎನ್ನುವುದುಂಟು. ಇದನ್ನು ನಾವು ಸ್ವಾನುಭವದಿಂದಲೇ ಬರೆಯುತ್ತಿದ್ದೇವೆ.

ಇಂಥ ಜಂಬ ರೋಗವಲ್ಲ. ಉತ್ತರನಿಗೆ ತನ್ನ ಅಳತೆ ಒಳಗೊಳಗೇ ಗೊತ್ತಿತ್ತು, ಗೊತ್ತಿದ್ದುದರಿಂದಲೇ ಓಡಿದನು. ಪುರಾಣದಲ್ಲಿ ಬೇರೊಬ್ಬನಿದ್ದಾನೆ. ಪೌಂಡ್ರಕನೆಂಬ ಅರಸನು ತಾನೇ ನಿಜವಾದ ವಾಸುದೇವನೆಂದು ನಂಬಿ, ಕೃತಕವಾದ ಶಂಖಚಕ್ರಗಳನ್ನು ಧರಿಸಿ, ನಿನ್ನ ಲಾಂಛನಗಳನ್ನು ಬಿಟ್ಟುಕೊಡೆಂದು ಶ್ರೀಕೃಷ್ಣನಿಗೇ ಹೇಳಿ ಕಳುಹಿಸಿದನು. ದ್ವಾರಕೆಯ ಸಭೆ ನಕ್ಕಿತು. ಅವನು ಓಡಲಿಲ್ಲ, ಯುದ್ಧಕ್ಕೆ ನಿಂತು ಸತ್ತನು. ಅವನನ್ನು ಕೆಡಿಸಿದವರು ಹೊಗಳುಭಟ್ಟರೆಂದು ಭಾಗವತ ಹೇಳುತ್ತದೆ. ಅವನಿಗೆ ರೋಗವಿತ್ತೆಂದು ನಾವು ಹೇಳಲಾರೆವು. ಆದರೆ ಹೊಗಳುವವರು ಯಾರೂ ಇಲ್ಲದೆಯೂ ಒಬ್ಬ ಸಾಮಾನ್ಯ ಮನುಷ್ಯ ತಾನು ಚಕ್ರವರ್ತಿಯೆಂದೋ, ಅವತಾರ ಪುರುಷನೆಂದೋ, ದೇಶವನ್ನು ಉಳಿಸಲು ಗುಟ್ಟಾಗಿ ಆಯ್ಕೆಯಾದವನೆಂದೋ ನಂಬಿಬಿಡುವುದುಂಟು. ವೈದ್ಯರು ಇದನ್ನು ಹಿರಿಮೆಯ ಭ್ರಾಂತಿ ಎನ್ನುತ್ತಾರೆ. ಅಂಥದೊಂದು ನಮ್ಮ ಮನೆಗೇ ಬಂದಿತ್ತು.

ನಮ್ಮ ಮನೆಯ ಸಂಗತಿ

ನಮ್ಮ ಭಾವಮೈದ ಅರಸೀಕೆರೆಯ ಕಡೆಯ ಹುಡುಗ. ಬುದ್ಧಿವಂತ, ಮಿತಭಾಷಿ. 2021ರಲ್ಲಿ ಐ.ಎ.ಎಸ್. ಪರೀಕ್ಷೆಗೆ ಓದಲೆಂದು ದೆಹಲಿಗೆ ಬಂದು ನಮ್ಮಲ್ಲೇ ಉಳಿದನು. ಪ್ರತಿದಿನ ರಾಜೇಂದ್ರನಗರದ ತರಬೇತಿ ಶಾಲೆಗೆ ಹೋಗಿ ಬರುತ್ತಿದ್ದನು. ಮುಂದಿನ ವರ್ಷ ಫೆಬ್ರವರಿಯಲ್ಲಿ ಅವನ ಓದು ವಿಪರೀತ ಹೆಚ್ಚಿತು. ರಾತ್ರಿ ಒಂದಕ್ಕೆ ಮಲಗಿ ಮೂರಕ್ಕೆ ಏಳುತ್ತಿದ್ದನು. ಆದರೂ ಮುಖದಲ್ಲಿ ಆಯಾಸವಿಲ್ಲ. ಮಾತು ಕಡಿಮೆಯಿದ್ದವನು ಮಳೆಗಾಲದ ಹಳ್ಳದಂತೆ ಮಾತಾಡತೊಡಗಿದನು. ನಾವು ಮಾಡಿದ್ದೇನು? ಕೆಳಮನೆಯವರಿಗೆ, ಊರಿಗೆ, ಕಚೇರಿಯಲ್ಲಿ ಹೇಳಿಕೊಂಡು ಹಿಗ್ಗಿದೆವು. “ಹುಡುಗ ಎರಡೇ ಗಂಟೆ ಮಲಗುತ್ತಾನೆ, ನೋಡಿ!” ಎಂದೆವು. ಊರಿನಲ್ಲಿ ಅತ್ತೆಯವರು ಜಾತಕ ತೋರಿಸಿದರು. ರಾಜಯೋಗ ಕೂಡಿಬಂದಿದೆ ಎಂಬ ಉತ್ತರ ಬಂತು. ಹೀಗೆ ಆರು ವಾರ ಕಳೆದವು.

ಆಮೇಲೆ ಅವನು ಗಂಗೆಯನ್ನು ಕಾವೇರಿಗೆ ಸೇರಿಸುವ ಯೋಜನೆಯೊಂದನ್ನು ಬರೆದು ನಾನಾ ಕಚೇರಿಗಳಿಗೆ ಸ್ಪೀಡ್ ಪೋಸ್ಟ್ ಮಾಡಿದನು. ಒಂದು ಕಚೇರಿಯಿಂದ ಪತ್ರ ತಲುಪಿದೆಯೆಂಬ ಒಂದು ಸಾಲಿನ ಉತ್ತರ ಬಂತು. ಅಂಥ ಸಾಲುಗಳು ನಮ್ಮ ಕೈಯಿಂದಲೇ ದಿನಕ್ಕೆ ಹತ್ತಾರು ಹೊರಡುತ್ತವೆ. ಅವನಿಗೆ ಮಾತ್ರ ಅದರ ಮೇಲಿನ ಡೈರಿ ನಂಬರು ಗುಪ್ತ ಸಂಕೇತವಾಗಿ ಕಂಡಿತು. ರಾಷ್ಟ್ರಪತಿಗಳು ತನ್ನನ್ನು ಜಲಮಂತ್ರಿಯಾಗಿ ನೇಮಿಸಿದ್ದಾರೆ, ಪ್ರಮಾಣವಚನದ ದಿನವನ್ನು ಆ ಅಂಕಿಗಳಲ್ಲಿ ತಿಳಿಸಿದ್ದಾರೆ ಎಂದನು. ನಾವು ಆ ನಂಬರು ಹೇಗೆ ಬೀಳುತ್ತದೆಂದು ವಿವರಿಸಹೋದೆವು. “ಭಾವ, ನೀವು ಗುಮಾಸ್ತರು. ಇದೆಲ್ಲ ನಿಮ್ಮ ಮಟ್ಟದಲ್ಲಿ ತಿಳಿಯುವುದಿಲ್ಲ” ಎಂದುಬಿಟ್ಟನು. ನಮಗೆ ಸಿಟ್ಟು ಬಂತು. ಅವನ ಅಕ್ಕ ಅತ್ತಳು. ಫೋನಿನ ಮೂಲಕ ಸಾಲ ತೆಗೆದು ಒಂದೇ ವಾರದಲ್ಲಿ ನಾಲ್ಕು ಸೂಟು ಹೊಲಿಸಿದ್ದು ಆಮೇಲೆ ತಿಳಿಯಿತು.

ಏಪ್ರಿಲಿನ ಒಂದು ರಾತ್ರಿ ಎರಡು ಗಂಟೆಗೆ ಎಚ್ಚರವಾದಾಗ ಬಾಗಿಲು ತೆರೆದಿತ್ತು. ಮೇಲ್ಮನೆಯ ಸರದಾರ್‌ಜಿಯವರನ್ನು ಎಬ್ಬಿಸಿಕೊಂಡು ಅವರ ಸ್ಕೂಟರಿನಲ್ಲಿ ಹುಡುಕಿದೆವು. ಸೂಟು, ಹೊಸ ಬೂಟು ತೊಟ್ಟು, ಕಡತ ಹಿಡಿದು, ತಿಲಕನಗರದ ಮೆಟ್ರೋ ಕಂಬಗಳ ಕೆಳಗೆ ಅವನು ರಾಷ್ಟ್ರಪತಿ ಭವನಕ್ಕೆಂದು ನಡೆದು ಹೋಗುತ್ತಿದ್ದನು. ನಾವು ಕೂಗಿ ಕರೆದರೆ ಹೆಜ್ಜೆ ಬಿರುಸಾಯಿತು. ಸರದಾರ್‌ಜಿ ಮಾತ್ರ ಮೆಲ್ಲಗೆ ಹತ್ತಿರ ಹೋಗಿ, “ಬೇಟಾ, ಹಿಮ್ಮಡಿ ನೋಡು, ಬೂಟು ಕಚ್ಚಿ ರಕ್ತ ಬರುತ್ತಿದೆ. ಕೂತು ನೀರು ಕುಡಿ” ಎಂದರು. ಹುಡುಗ ಬಗ್ಗಿ ತನ್ನ ಕಾಲನ್ನು ನೋಡಿಕೊಂಡನು; ಅಲ್ಲೇ ಕಟ್ಟೆಯ ಮೇಲೆ ಕುಳಿತನು. ಬೆಳಗಾಗುವ ಹೊತ್ತಿಗೆ ಆಸ್ಪತ್ರೆಯಲ್ಲಿದ್ದೆವು.

ಭ್ರಾಂತಿ ಎಂದರೇನು?

ದೊಡ್ಡ ವಿಚಾರವೆಲ್ಲ ಭ್ರಾಂತಿಯಲ್ಲ ಎಂಬುದನ್ನು ವಾಚಕರು ಮೊದಲು ತಿಳಿಯಬೇಕು. ಗಂಗೆ ಕಾವೇರಿಗಳನ್ನು ಜೋಡಿಸುವ ಸಲಹೆಯನ್ನು 1972ರಲ್ಲಿ ಡಾ. ಕೆ. ಎಲ್. ರಾವ್ ಅವರಂಥ ಇಂಜಿನಿಯರೇ ಮುಂದಿಟ್ಟಿದ್ದರು. ನೀರನ್ನು ಮೇಲೆತ್ತಲು ಬೇಕಾದ ವಿದ್ಯುತ್ತು, ಹಣ ಇವುಗಳ ಲೆಕ್ಕ ಹಾಕಿ ಆ ಸಲಹೆಯನ್ನು ಕೈಬಿಡಲಾಯಿತು. ಲೆಕ್ಕಕ್ಕೆ ಸಿಕ್ಕುವ, ವಾದಕ್ಕೆ ಬಗ್ಗುವ ವಿಚಾರ ಎಷ್ಟು ದೊಡ್ಡದಾದರೂ ಅದು ವಿಚಾರವೇ. ನಮ್ಮ ಹುಡುಗನ ಯೋಜನೆಯೂ ಕಾಗದದ ಮೇಲಿದ್ದಷ್ಟು ದಿನ ವಿಚಾರವಾಗಿತ್ತು. ಯಾವ ಸಾಕ್ಷಿಗೂ ಅಲುಗದೆ, ಎದುರಿನ ಸಾಕ್ಷಿಯನ್ನೂ ತನ್ನ ಪರವಾಗಿಯೇ ತಿರುಗಿಸಿಕೊಂಡು, ಅವನ ನಿದ್ರೆ, ಹಣ, ಸಂಬಂಧಗಳನ್ನು ನುಂಗತೊಡಗಿದಾಗ ಅದು ಭ್ರಾಂತಿಯಾಯಿತು.

ಇನ್ನೊಂದು ಎಚ್ಚರಿಕೆಯೂ ಬೇಕು. ನಮ್ಮ ನಾಡಿನಲ್ಲಿ ಮೈಮೇಲೆ ದೇವರು ಬರುವುದುಂಟು. ತುಳುನಾಡಿನ ಕೋಲದಲ್ಲಿ ದೈವ ನುಡಿಯುವುದುಂಟು. ಅದಕ್ಕೆ ಹೊತ್ತು, ಸ್ಥಳ, ಕಟ್ಟಳೆ ಇವೆ. ಊರೆಲ್ಲ ಒಪ್ಪಿದ ಅರ್ಥವಿದೆ. ಕೋಲ ಮುಗಿದ ಮೇಲೆ ಆ ಮನುಷ್ಯ ತನ್ನ ದಿನದ ಕೆಲಸಕ್ಕೆ ಮರಳುತ್ತಾನೆ. ಅದನ್ನು ವೈದ್ಯರು ಭ್ರಾಂತಿಯೆನ್ನುವುದಿಲ್ಲ.

ಭ್ರಾಂತಿಯ ವೇಷ ದೇಶಕಾಲಗಳಿಗೆ ತಕ್ಕಂತೆ ಬದಲಾಗುತ್ತದೆ. ಒಂದು ಕಾಲದ ಫ್ರಾನ್ಸಿನ ಆಸ್ಪತ್ರೆಗಳಲ್ಲಿ ತಾವೇ ನೆಪೋಲಿಯನ್ ಎನ್ನುವವರಿದ್ದರು. ಅಮೆರಿಕದ ಗಣಿತಜ್ಞ ಜಾನ್ ನ್ಯಾಶ್ 1959ರ ಸುಮಾರಿಗೆ ಷಿಕಾಗೋ ವಿಶ್ವವಿದ್ಯಾಲಯ ಕರೆದು ಕೊಟ್ಟ ಹುದ್ದೆಯನ್ನು, ತಾನು ಅಂಟಾರ್ಕ್ಟಿಕಾದ ಚಕ್ರವರ್ತಿಯಾಗಬೇಕಾಗಿದೆ ಎಂಬ ಕಾರಣಕ್ಕೆ ಬೇಡವೆಂದರು. ವರ್ಷಗಟ್ಟಲೆ ನರಳಿ, ನಿಧಾನವಾಗಿ ಚೇತರಿಸಿಕೊಂಡು, 1994ರಲ್ಲಿ ನೊಬೆಲ್ ಬಹುಮಾನ ಪಡೆದವರೂ ಅವರೇ. ರೋಗಕ್ಕೂ ಬುದ್ಧಿಯ ಕೊರತೆಗೂ ಸಂಬಂಧವಿಲ್ಲವೆಂಬುದು ಇದರಿಂದ ಸ್ಪಷ್ಟವಾಗುತ್ತದೆ.

ಮರವೊಂದೇ ಅಲ್ಲ, ಬೇರು ಹಲವು

ಹಿರಿಮೆಯ ಭ್ರಾಂತಿ ತಾನೇ ಒಂದು ರೋಗದ ಹೆಸರಲ್ಲ. ಜ್ವರದಂತೆ ಅದೊಂದು ಲಕ್ಷಣ. ಅದರ ಬೇರನ್ನು ವೈದ್ಯರೇ ಹುಡುಕಬೇಕು.

ಹೆಚ್ಚಾಗಿ ಕಾಣುವ ಬೇರು ಉನ್ಮಾದ, ಎಂದರೆ ಮೇನಿಯ. ಇದು ಬೈಪೋಲಾರ್ ಎಂಬ ದ್ವಿಧ್ರುವ ರೋಗದ ಒಂದು ತುದಿ. ಇನ್ನೊಂದು ತುದಿ ಖಿನ್ನತೆ. ವಾರಗಟ್ಟಲೆ ನಿದ್ರೆ ಬೇಡವಾಗುವುದು, ಮಾತು ಮತ್ತು ಯೋಚನೆಗಳ ನಾಗಾಲೋಟ, ಮಿತಿಯಿಲ್ಲದ ಖರ್ಚು, ತಡೆದರೆ ಕೆರಳುವುದು ಇದರ ಗುರುತುಗಳು. ನಮ್ಮ ಹುಡುಗನಿಗೆ ಬಂದದ್ದು ಇದೇ. ನಿದ್ರೆಗೆಡುವುದು ಈ ರೋಗದ ಲಕ್ಷಣ ಮಾತ್ರವಲ್ಲ, ಈ ರೋಗಕ್ಕೆ ಒಳಗಾಗುವ ಸ್ವಭಾವವುಳ್ಳವರಲ್ಲಿ ಅದನ್ನು ಕೆರಳಿಸುವ ಕಿಡಿಯೂ ಹೌದು. ಚಹಾ ಕುಡಿದು ರಾತ್ರಿಯಿಡೀ ಓದುವ ಮಕ್ಕಳಿರುವ ಮನೆಯವರು ಇದನ್ನು ನೆನಪಿಡಬೇಕು.

ಎರಡನೆಯದು ಸ್ಕಿಜೋಫ್ರೀನಿಯ. ಇದರಲ್ಲಿ ಹಿರಿಮೆಯ ಜೊತೆಗೆ ಅನುಮಾನ, ಯಾರೂ ಇಲ್ಲದೆ ಕೇಳುವ ಧ್ವನಿಗಳು, ಕ್ರಮೇಣ ಮನುಷ್ಯ ತನ್ನೊಳಗೇ ಮುದುಡಿಕೊಳ್ಳುವುದು ಕಾಣಬಹುದು. ಮೂರನೆಯದರಲ್ಲಿ ಮನುಷ್ಯ ಊಟ, ಉಡುಪು, ಕಚೇರಿ ಎಲ್ಲದರಲ್ಲೂ ಸರಿಯಾಗಿದ್ದು, ಒಂದೇ ಒಂದು ನಂಬಿಕೆಯ ವಿಷಯದಲ್ಲಿ ಮಾತ್ರ ತಪ್ಪಿರುತ್ತಾನೆ. ಇದಕ್ಕೆ ಭ್ರಾಂತಿರೋಗವೆಂದೇ ಹೆಸರು. ಇವಲ್ಲದೆ ಮಾದಕ ವಸ್ತುಗಳಿಂದ, ಸ್ಟೀರಾಯ್ಡಿನಂಥ ಕೆಲವು ಔಷಧಿಗಳಿಂದ, ಮಿದುಳಿನ ಕಾಯಿಲೆಗಳಿಂದ ಕೂಡ ಇದು ಬರಬಹುದು. ಪೆನಿಸಿಲಿನ್ ಬರುವ ಮೊದಲು ಸಿಫಿಲಿಸ್ ಎಂಬ ಪರಂಗಿ ರೋಗ ಮಿದುಳಿಗೆ ಏರಿ ಎಷ್ಟೋ ಜನರನ್ನು ಹೀಗೆ ಸುಳ್ಳು ಕೋಟ್ಯಧೀಶರನ್ನಾಗಿ ಮಾಡಿತ್ತು. ಆದಕಾರಣ, ಅರುವತ್ತು ದಾಟಿದ ಹಿರಿಯರೊಬ್ಬರು ಇದ್ದಕ್ಕಿದ್ದಂತೆ ದಾನಶೂರ ಕರ್ಣರಾದರೆ, ವಯಸ್ಸಿನ ಅರಳುಮರಳು ಎಂದು ಸುಮ್ಮನಿರದೆ ಪರೀಕ್ಷೆ ಮಾಡಿಸಬೇಕು.

ವಾದಿಸಿದರೆ ಇಳಿಯುವುದಿಲ್ಲ

1959ರಲ್ಲಿ ಅಮೆರಿಕದ ಇಪ್ಸಿಲಾಂಟಿ ಎಂಬ ಊರಿನ ಆಸ್ಪತ್ರೆಯಲ್ಲಿ ಮಿಲ್ಟನ್ ರೊಕೀಚ್ ಎಂಬ ಮನಶ್ಶಾಸ್ತ್ರಜ್ಞರು, ತಾನೇ ಯೇಸುಕ್ರಿಸ್ತ ಎನ್ನುತ್ತಿದ್ದ ಮೂವರು ರೋಗಿಗಳನ್ನು ಒಂದೆಡೆ ಇರಿಸಿದರು. ಇಬ್ಬರು ಕ್ರಿಸ್ತರು ಇರಲಾರರಲ್ಲ, ಒಬ್ಬರನ್ನೊಬ್ಬರು ನೋಡಿ ಭ್ರಾಂತಿ ಬಿಟ್ಟಾರೆಂಬುದು ಅವರ ಎಣಿಕೆ. ಎರಡು ವರ್ಷ ಕಳೆದರೂ ಯಾರೂ ಬಿಡಲಿಲ್ಲ. ಮಿಕ್ಕವರಿಗೆ ಹುಚ್ಚೆಂದೋ ಮತ್ತೇನೋ ನೆವ ಹೇಳಿ ಪ್ರತಿಯೊಬ್ಬನೂ ತನ್ನ ಪಟ್ಟವನ್ನು ಉಳಿಸಿಕೊಂಡನು. ಅವರ ಬಾಳಿನಲ್ಲಿ ತಾವು ಹಾಗೆ ಕೈಹಾಕಿದ್ದು ತಪ್ಪೆಂದು ರೊಕೀಚರೇ ಮುಂದೆ ಒಪ್ಪಿಕೊಂಡರು.

ನಾವು ಡೈರಿ ನಂಬರಿನ ಬಗ್ಗೆ ವಾದಿಸಿ ಸೋತದ್ದೂ ಅದೇ ರೀತಿ. ವೈದ್ಯರು ಹುಡುಗನಿಗೆ ರಾಷ್ಟ್ರಪತಿಗಳ ಸುದ್ದಿಯನ್ನು ಮೊದಲು ಎತ್ತಲೇ ಇಲ್ಲ. “ಎಷ್ಟು ದಿನದಿಂದ ನಿದ್ರೆ ಇಲ್ಲ?” ಎಂದರು. ಮೇಲ್ಮನೆಯ ಸರದಾರ್‌ಜಿ ಹಿಮ್ಮಡಿಯನ್ನು ನೋಡಿದಂತೆಯೇ ಇದು. ಕಿರೀಟವನ್ನು ಕಿತ್ತುಕೊಳ್ಳಲು ಹೋಗಬಾರದು. ಹೌದು ಮಹಾಪ್ರಭು ಎಂದು ತಲೆಯಾಡಿಸಿ ಅದಕ್ಕೆ ಮಣಿ ಕಟ್ಟಲೂ ಬಾರದು. “ನಿನಗೆ ಹಾಗೆ ಅನ್ನಿಸುತ್ತಿದೆ, ನಮಗೆ ಹಾಗೆ ಕಾಣುತ್ತಿಲ್ಲ. ಆದರೆ ನೀನು ಮಲಗದೆ ಬಳಲಿದ್ದೀ, ಅದಕ್ಕೆ ವೈದ್ಯರನ್ನು ನೋಡೋಣ” ಎಂದರೆ ಹೆಚ್ಚಿನವರು ಬರುತ್ತಾರೆ. ಅಷ್ಟರಲ್ಲಿ ಬ್ಯಾಂಕಿನ ಕಾರ್ಡು, ವಾಹನದ ಬೀಗದ ಕೈ, ಫೋನಿನ ಸಾಲ ಇವುಗಳ ಮೇಲೆ ಕಣ್ಣಿರಲಿ. ತನಗೇ ಆಗಲಿ ಇತರರಿಗೇ ಆಗಲಿ ಅಪಾಯ ತಂದುಕೊಳ್ಳುವ ಸೂಚನೆ ಕಂಡರೆ 112ಕ್ಕೆ ಕರೆ ಮಾಡಲು ಹಿಂಜರಿಯಬಾರದು.

ಪರಸ್ಥಳದಲ್ಲಿರುವ ನಮ್ಮಂಥವರಿಗೆ ಇನ್ನೊಂದು ತೊಡಕುಂಟು. ವೈದ್ಯರು ಹಿಂದಿಯಲ್ಲಿ ಕೇಳುತ್ತಿದ್ದರು. ಉದ್ವೇಗದಲ್ಲಿದ್ದ ಹುಡುಗ ಕನ್ನಡದಲ್ಲೇ ಹರಿಯುತ್ತಿದ್ದನು. ನಡುವೆ ಅವನ ಅಕ್ಕ ಭಾಷಾಂತರಕ್ಕೆ ನಿಂತಳು. ತಾನು ಜಲಮಂತ್ರಿ ಎಂದು ಅವನು ಅಂದರೆ, ಸ್ವಲ್ಪ ಜಾಸ್ತಿ ಯೋಚನೆ ಮಾಡ್ತಾನೆ ಎಂದು ಹಿಂದಿಯಲ್ಲಿ ಹೇಳಿದಳು! ಒಡಹುಟ್ಟಿದವನ ಮಾನ ಕಾಯುವ ಆಸೆ. ವೈದ್ಯರಿಗೆ ರೋಗ ಮುಟ್ಟಲು ಎರಡು ಭೇಟಿ ಹಿಡಿದವು. ಆದ್ದರಿಂದ ರೋಗಿಯ ಮಾತನ್ನು ಇದ್ದುದಿದ್ದಂತೆ ಹೇಳಬೇಕು. ಎಷ್ಟು ಗಂಟೆ ಮಲಗಿದ, ಎಷ್ಟು ಖರ್ಚು ಮಾಡಿದ, ಏನೆಂದ ಎಂಬುದನ್ನು ತಾರೀಖು ಹಾಕಿ ಒಂದು ನೋಟ್‌ಬುಕ್ಕಿನಲ್ಲಿ ಬರೆದುಕೊಂಡು ಹೋಗುವುದು ಬಲು ಉಪಯೋಗ.

ಒಂದು ಉಪ್ಪಿನ ಕಥೆ

ಉನ್ಮಾದಕ್ಕೆ ಮದ್ದಾಗಿ ಬಂದ ಲಿಥಿಯಂ ಪ್ರಕೃತಿಯಲ್ಲೇ ಸಿಕ್ಕುವ ಲವಣ. ಆಸ್ಟ್ರೇಲಿಯದ ಡಾ. ಜಾನ್ ಕೇಡ್ ಎರಡನೆಯ ಮಹಾಯುದ್ಧದಲ್ಲಿ ಜಪಾನೀಯರ ಸೆರೆಯಲ್ಲಿದ್ದು ಬಂದವರು. ಅವರು 1949ರಲ್ಲಿ ಉನ್ಮಾದದ 10 ರೋಗಿಗಳಿಗೆ ಇದನ್ನು ಕೊಟ್ಟು ಕಂಡ ಗುಣವನ್ನು ಪ್ರಕಟಿಸಿದರು. 1952ರಲ್ಲಿ ಪ್ಯಾರಿಸಿನ ವೈದ್ಯರು ಕ್ಲೋರ್‌ಪ್ರೊಮಜೀನ್ ಎಂಬ ಔಷಧಿಯಿಂದ ಭ್ರಾಂತಿ ತಗ್ಗುವುದನ್ನು ತೋರಿಸಿದರು. ಇಂದು ಇವಲ್ಲದೆ ಹಲವು ಔಷಧಿಗಳಿವೆ. ಯಾರಿಗೆ ಯಾವುದೆಂಬುದು ವೈದ್ಯರ ನಿರ್ಣಯ. ನೆರೆಯವರ ಚೀಟಿ ನೋಡಿ ಕೊಳ್ಳಬಾರದು. ದ್ವಿಧ್ರುವ ರೋಗಿಗೆ ಖಿನ್ನತೆಯ ಮಾತ್ರೆಯೊಂದನ್ನೇ ಕೊಟ್ಟರೆ ಉನ್ಮಾದ ಕೆರಳಲೂಬಹುದು.

ಲಿಥಿಯಂ ತೆಗೆದುಕೊಳ್ಳುವವರು ಕಾಲಕಾಲಕ್ಕೆ ರಕ್ತ ಪರೀಕ್ಷೆ ಮಾಡಿಸಬೇಕು. ದೆಹಲಿಯ ಮೇ, ಜೂನ್ ಬಿಸಿಲಿನಲ್ಲಿ ಬೆವರು ಹರಿದು ಮೈಯ ನೀರು ಕಡಿಮೆಯಾದರೆ ರಕ್ತದಲ್ಲಿ ಅದರ ಪ್ರಮಾಣ ಏರುತ್ತದೆ. ನೋವಿಗೆಂದು ಅಂಗಡಿಯಲ್ಲಿ ಕೊಳ್ಳುವ ಐಬುಪ್ರೊಫೆನ್‌ನಂಥ ಮಾತ್ರೆಯಿಂದಲೂ ಏರಬಹುದು. ಕೈನಡುಕ ಹೆಚ್ಚಾಗಿ, ವಾಂತಿ ಭೇದಿ ಹತ್ತಿ, ನಡಿಗೆ ತೂರಾಡಿದರೆ ತಡಮಾಡದೆ ಆಸ್ಪತ್ರೆಗೆ ಹೋಗಬೇಕು. ಹಾಗೆಯೇ, ಗುಣವಾಯಿತೆಂದು ಮಾತ್ರೆಯನ್ನು ತಾವೇ ತಟಕ್ಕನೆ ನಿಲ್ಲಿಸಿದರೆ ರೋಗ ಮರಳುವ ಅಪಾಯ ದೊಡ್ಡದು.

ಸಿಂಹಾಸನದಿಂದ ಇಳಿದ ಮೇಲೆ

ನಾಲ್ಕು ವಾರಗಳಲ್ಲಿ ಹುಡುಗನಿಗೆ ನಿದ್ರೆ ಬಂತು. ಎರಡು ತಿಂಗಳಲ್ಲಿ ಜಲಮಂತ್ರಿಯ ಪದವಿ ಕರಗಿತು. ನಾವು ಹಬ್ಬ ಮಾಡಿದೆವು. ಅಲ್ಲೇ ಎರಡನೆಯ ಸಲ ತಪ್ಪಿದೆವು. ಭ್ರಾಂತಿ ಇಳಿದವನಿಗೆ ಉಳಿಯುವುದು ಸಾಲ, ನಾಚಿಕೆ, ತಪ್ಪಿಹೋದ ಪರೀಕ್ಷೆ, ತಾನು ಯಾರಿಗೆ ಏನೆಂದೆನೆಂಬ ನೆನಪು. ಒಂದು ಸಂಜೆ ಅವನು ಮೆಲ್ಲಗೆ, “ಭಾವ, ಆ ಎರಡು ತಿಂಗಳು ಮಾತ್ರ ನಾನು ಯಾರೋ ಒಬ್ಬ ಆಗಿದ್ದೆ. ಈಗ ಯಾರೂ ಅಲ್ಲ” ಎಂದನು. ನಮ್ಮ ಎದೆ ಧಸಕ್ಕೆಂದಿತು. ಸುಳ್ಳು ಕಿರೀಟವೂ ಅದನ್ನು ಹೊತ್ತವನಿಗೆ ಒಂದು ಆಸರೆಯಾಗಿರುತ್ತದೆ. ಅದು ಹೋದಾಗ ಮನುಷ್ಯ ನಿಜವಾಗಿಯೂ ಶೋಕಿಸುತ್ತಾನೆ. ಉನ್ಮಾದದ ಹಿಂದೆಯೇ ಬರುವ ಈ ಖಿನ್ನತೆಯಲ್ಲಿ ಪ್ರಾಣಕ್ಕೆ ಎರವಾಗುವ ಅಪಾಯವಿದೆ.

ಮರುದಿನವೇ ವೈದ್ಯರಿಗೆ ತಿಳಿಸಿದೆವು. ಮಾತ್ರೆಗಳನ್ನು ಅವನ ಕೋಣೆಯಿಂದ ತೆಗೆದು ನಮ್ಮ ಬೀರುವಿನಲ್ಲಿಟ್ಟು ಹೊತ್ತು ಹೊತ್ತಿಗೆ ಕೊಟ್ಟೆವು. ಬದುಕು ಸಾಕೆನ್ನಿಸುತ್ತಿದೆಯೇ ಎಂದು ನೇರವಾಗಿ ಕೇಳಲು ವೈದ್ಯರು ಹೇಳಿಕೊಟ್ಟರು. ಕೇಳಿದರೆ ಆ ಯೋಚನೆ ಹುಟ್ಟುತ್ತದೆಂಬ ಭಯ ಸಲ್ಲದು, ಕೇಳಿದಾಗ ಭಾರ ಇಳಿಯುತ್ತದೆ. ಆ ದಿನಗಳಲ್ಲಿ ಅವನಿಗೆ ಬೇಕಾಗಿದ್ದುದು ಉಪದೇಶವಲ್ಲ, ಸಣ್ಣ ಸಣ್ಣ ನಿಜವಾದ ಕೆಲಸಗಳು. ಹಾಲು ತರುವುದು, ನಮ್ಮ ಮಗಳಿಗೆ ಲೆಕ್ಕ ಹೇಳಿಕೊಡುವುದು, ಭಾನುವಾರ ಸಂಘದ ಪುಸ್ತಕಗಳಿಗೆ ಪಟ್ಟಿ ಮಾಡುವುದು. ಮಗಳು ಲೆಕ್ಕದಲ್ಲಿ ತೇರ್ಗಡೆಯಾದ ದಿನ ಅವನು ಮೊದಲ ಬಾರಿ ನಕ್ಕನು.

ಅಮೃತಸರದ ಮಾನಸಿಕ ಆಸ್ಪತ್ರೆಯಲ್ಲಿ 1950ರ ದಶಕದಲ್ಲೇ ಡಾ. ವಿದ್ಯಾಸಾಗರ್ ಅವರು ಅಂಗಳದಲ್ಲಿ ಡೇರೆ ಹಾಕಿಸಿ ರೋಗಿಗಳ ಮನೆಯವರನ್ನೂ ಜೊತೆಗಿರಿಸಿಕೊಂಡರು. ಮನೆಯವರು ರೋಗವನ್ನು ಅರಿತರೆ ಅರ್ಧ ಚಿಕಿತ್ಸೆ ಆದಂತೆ ಎಂಬುದು ನಮಗೆ ಈಗ ತಿಳಿದಿದೆ.

ನಮ್ಮವರಲ್ಲಿ ಬಿನ್ನಹ

“ಹುಚ್ಚು ಬಿಡುವ ತನಕ ಮದುವೆಯಾಗುವುದಿಲ್ಲ, ಮದುವೆಯಾಗುವ ತನಕ ಹುಚ್ಚು ಬಿಡುವುದಿಲ್ಲ” ಎಂದು ನಗುತ್ತೇವೆ. ನಗೆಯ ಮಾತನ್ನೇ ಮದ್ದೆಂದು ತಿಳಿದು, ಮದುವೆ ಮಾಡಿದರೆ ಸರಿಹೋದಾನೆಂದು ನಮಗೂ ಇಬ್ಬರು ಹಿರಿಯರು ಫೋನ್ ಮಾಡಿದ್ದರು. ರೋಗವನ್ನು ಮುಚ್ಚಿಟ್ಟು ಪರರ ಮನೆಯ ಹೆಣ್ಣುಮಗಳ ಕೊರಳಿಗೆ ಕಟ್ಟುವುದು ಮದ್ದೂ ಅಲ್ಲ, ಧರ್ಮವೂ ಅಲ್ಲ.

ನಾಚಿಕೆಗೆ ಕಾರಣವಿಲ್ಲ. ನಿಮ್ಹಾನ್ಸ್ ಸಂಸ್ಥೆಯು 2015-16ರಲ್ಲಿ 12 ರಾಜ್ಯಗಳಲ್ಲಿ ನಡೆಸಿದ ರಾಷ್ಟ್ರೀಯ ಸಮೀಕ್ಷೆಯಂತೆ ವಯಸ್ಕರಲ್ಲಿ ನೂರಕ್ಕೆ 10.6 ಮಂದಿಗೆ ಒಂದಲ್ಲ ಒಂದು ಮಾನಸಿಕ ತೊಂದರೆ ಇತ್ತು. ರೋಗಕ್ಕೆ ತಕ್ಕಂತೆ ನೂರಕ್ಕೆ 70ರಿಂದ 92 ಮಂದಿಗೆ ಚಿಕಿತ್ಸೆ ಸಿಕ್ಕಿರಲಿಲ್ಲ. ಈ ನಿಮ್ಹಾನ್ಸ್ ನಮ್ಮ ಬೆಂಗಳೂರಿನದೇ. ಹಳೆಯ ಹುಚ್ಚಾಸ್ಪತ್ರೆಗೆ ಮೈಸೂರು ಸರ್ಕಾರ 1925ರಲ್ಲಿ ಮಾನಸಿಕ ಆಸ್ಪತ್ರೆ ಎಂದು ಹೆಸರಿಟ್ಟಿತು. 1954ರಲ್ಲಿ ಸ್ಥಾಪಿತವಾದ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆಯೂ ಆ ಆಸ್ಪತ್ರೆಯೂ 1974ರಲ್ಲಿ ಒಂದಾಗಿ ನಿಮ್ಹಾನ್ಸ್ ಆಯಿತು. ದೆಹಲಿಯಲ್ಲಿ ಏಮ್ಸ್, ಸಫ್ದರ್‌ಜಂಗ್, ರಾಮಮನೋಹರ ಲೋಹಿಯಾ ಆಸ್ಪತ್ರೆಗಳಲ್ಲಿ ಮನೋರೋಗ ವಿಭಾಗಗಳಿವೆ. ದಿಲ್‌ಶಾದ್ ಗಾರ್ಡನ್ನಿನ ಇಹಬಾಸ್ ಇದಕ್ಕೇ ಮೀಸಲಾದ ದೊಡ್ಡ ಸಂಸ್ಥೆ. ಮನೆಯಿಂದಲೇ ಸಲಹೆ ಬೇಕಾದರೆ 2022ರ ಅಕ್ಟೋಬರ್ 10ರಂದು ಆರಂಭವಾದ ಟೆಲಿ ಮಾನಸ್ ಇದೆ. ಸಂಖ್ಯೆ 14416, ಹಗಲೂ ರಾತ್ರಿಯೂ, ಕಾಸಿಲ್ಲದೆ. ಅದರಲ್ಲಿ ಕನ್ನಡವನ್ನೂ ಆರಿಸಿಕೊಳ್ಳಬಹುದು.

ಗುಮಾಸ್ತೆಯಾಗಿ ಕಾನೂನಿನ ಎರಡು ಮಾತು ಹೇಳದಿದ್ದರೆ ನಮಗೆ ಸಮಾಧಾನವಿಲ್ಲ. 2018ರ ಮೇ 29ರಿಂದ ಜಾರಿಯಲ್ಲಿರುವ 2017ರ ಮಾನಸಿಕ ಆರೋಗ್ಯ ಕಾಯಿದೆಯಂತೆ, ದೇಹದ ರೋಗಕ್ಕೆ ಕೊಡುವಂತೆಯೇ ಮನಸ್ಸಿನ ರೋಗಕ್ಕೂ ವಿಮಾ ಕಂಪೆನಿಗಳು ಸೌಲಭ್ಯ ಕೊಡತಕ್ಕದ್ದು. 2016ರ ಅಂಗವಿಕಲರ ಹಕ್ಕುಗಳ ಕಾಯಿದೆಯ 20ನೆಯ ಸೆಕ್ಷನ್ನಿನಂತೆ, ಸೇವೆಯಲ್ಲಿರುವಾಗ ಅಂಗವೈಕಲ್ಯ ಉಂಟಾದ ಸರ್ಕಾರಿ ನೌಕರನನ್ನು ಅದೇ ಕಾರಣಕ್ಕೆ ತೆಗೆಯುವಂತಿಲ್ಲ, ಕೆಳದರ್ಜೆಗೆ ಇಳಿಸುವಂತಿಲ್ಲ. ಆ ಕಾಯಿದೆಯ ಪಟ್ಟಿಯಲ್ಲಿ ಮನೋರೋಗವೂ ಸೇರಿದೆ. ಕೆಲಸ ಹೋದೀತೆಂದು ಹೆದರಿ ರೋಗವನ್ನು ಅಡಗಿಸಿಡುವವರು ಇದನ್ನು ತಿಳಿದಿರಲಿ.

ನಮ್ಮ ಹುಡುಗ ಈಗ ಒಂದು ಖಾಸಗಿ ಕಂಪೆನಿಯಲ್ಲಿ ಲೆಕ್ಕ ಬರೆಯುತ್ತಾನೆ. ರಾತ್ರಿ ಹತ್ತೂವರೆಗೆ ದೀಪ ಆರಿಸುತ್ತಾನೆ. ಇದನ್ನು ಬರೆಯಬಹುದೇ ಎಂದು ಕೇಳಿದಾಗ, ಓದಿ, ಸೂಟುಗಳು ಮೂರಲ್ಲ ನಾಲ್ಕು ಎಂದು ತಿದ್ದಿ ಒಪ್ಪಿಗೆ ಕೊಟ್ಟನು. ಹೋದ ರಾಜ್ಯೋತ್ಸವದ ನಾಟಕದಲ್ಲಿ ಸಂಘದ ಹುಡುಗರು ಅವನಿಗೆ ಮಹಾರಾಜನ ಪಾತ್ರ ಕೊಡಲು ಬಂದರು. ನಾವು ಒಳಗೊಳಗೇ ಬೆವರಿದೆವು. ಅವನು ನಕ್ಕು, “ಆ ಪಾತ್ರ ಒಮ್ಮೆ ಮಾಡಿಯಾಗಿದೆ, ದ್ವಾರಪಾಲಕನದು ಕೊಡಿ. ರಾತ್ರಿ ಯಾರಾದರೂ ಬಾಗಿಲು ತೆರೆದು ಹೊರಟರೆ ಗೊತ್ತಾಗಬೇಕಲ್ಲ” ಎಂದನು. ಅವನ ಅಕ್ಕ ಆ ದಿನ ಮುಂದಿನ ಸಾಲಿನಲ್ಲಿ ಕುಳಿತು, ಎರಡೇ ಮಾತಿದ್ದ ಆ ಪಾತ್ರಕ್ಕೆ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದಳು.